ಬೆಳಿಗ್ಗೆ ಕಣಜ ಖಾಲಿ: ಕನಸಿನ ಪೆಟ್ಟಿಗೆಯ ದೋಷ ಹುಡುಕುವ ಬಗೆ

ಕನಸಿನ ಕಣಜ, ಅಂದರೆ ಕನಸಿನ ಶಕ್ತಿ ಕೂಡಿಡುವ ಪೆಟ್ಟಿಗೆ, ಕೆಟ್ಟಿದೆ ಅಂತ ಬರುವ ದೂರುಗಳು ಹೆಚ್ಚುಕಡಿಮೆ ಒಂದೇ ಥರ ಇರುತ್ತವೆ. ರಾತ್ರಿ ತಲೆಪಟ್ಟಿ ಕಟ್ಟಿಕೊಂಡು ಮಲಗಿದ್ದಾಯಿತು, ಕನಸೂ ಬಿತ್ತು. ಬೆಳಿಗ್ಗೆ ಎದ್ದು ನೋಡಿದರೆ ಮೀಟರು ಸೊನ್ನೆ. ಕೂಡಲೇ ಪೆಟ್ಟಿಗೆಯನ್ನು ಚೀಲಕ್ಕೆ ಹಾಕಿಕೊಂಡು ರಿಪೇರಿಗೆ ಅಂತ ಮಂಡ್ಯದ ಬಸ್ಸು ಹತ್ತುತ್ತಾರೆ. ದಯವಿಟ್ಟು ಹಾಗೆ ಮಾಡಬೇಡಿ. ಪೆಟ್ಟಿಗೆಯೊಳಗೆ ಕೆಡುವಂಥದ್ದು ಬಹಳ ಕಡಿಮೆ. ದೋಷ ಇರುವುದು ಅದರ ಸುತ್ತಮುತ್ತ. ಮೊದಲು ನಿದ್ದೆ ನೋಡಿ, ಆಮೇಲೆ ಚರ್ಮ, ಆಮೇಲೆ ಅರ್ತಿಂಗ್, ಆಮೇಲೆ ಗಡಿಯಾರ, ಆಮೇಲೆ ಖಾತೆ. ಸ್ಕ್ರೂಡ್ರೈವರ್ ಕೈಗೆ ತೆಗೆದುಕೊಳ್ಳುವುದು ಎಲ್ಲಕ್ಕಿಂತ ಕೊನೆಗೆ. ಈ ಸಾಲು ತಪ್ಪಿಸಿದರೆ ಸುಮ್ನೆ ದಿನ ಹಾಳು.

ಹೊಸದಾಗಿ ಪೆಟ್ಟಿಗೆ ತಂದವರಿಗೆ ಅದರ ಕೆಲಸ ಸ್ವಲ್ಪ ಹೇಳುತ್ತೇನೆ. ಇದು ಗೊತ್ತಿಲ್ಲದೆ ದೋಷ ಹುಡುಕಲು ಆಗುವುದಿಲ್ಲ. ತಲೆಪಟ್ಟಿಯ ಬೆಳ್ಳಿ ಬಿಲ್ಲೆಗಳು ಮೆದುಳಿನ ಅಲೆಯನ್ನು ಓದುತ್ತವೆ. ಆ ಅಲೆ ತೀರಾ ಸಣ್ಣದು, ಹತ್ತರಿಂದ ನೂರು ಮೈಕ್ರೋವೋಲ್ಟ್ ಅಷ್ಟೇ. ಗೋಡೆಯ ಪ್ಲಗ್ಗಿನಲ್ಲಿ ಇರುವುದು 230 ವೋಲ್ಟ್. ಇಡೀ ಮೆದುಳು ನಡೆಯಲು ಬೇಕಾಗುವುದೇ ಸುಮಾರು 20 ವ್ಯಾಟ್. ಹಾಗಾಗಿ ಬಿಲ್ಲೆಯ ತಂತಿಯಲ್ಲಿ ಶಕ್ತಿ ಹರಿದು ಬಂದು ಕಣಜ ತುಂಬುತ್ತದೆ ಅನ್ನುವುದು ತಪ್ಪು ತಿಳಿವಳಿಕೆ. ಅಲೆ ಬರೀ ಗುರುತು. ಕನಸಿನ ನಿದ್ದೆಯ ಗುರುತು ಸಿಕ್ಕಾಗ ಪೆಟ್ಟಿಗೆಯ ತೂಬು ತೆರೆಯುತ್ತದೆ, ಕನಸಿನ ಶಕ್ತಿ ಕಣಜಕ್ಕೆ ಇಳಿಯುತ್ತದೆ. ಗುರುತು ಸಿಗದಿದ್ದರೆ ರಾತ್ರಿಯಿಡೀ ಕನಸು ಬಿದ್ದರೂ ತೂಬು ಮುಚ್ಚಿಯೇ ಇರುತ್ತದೆ.

ಇಳಿದ ಶಕ್ತಿಯನ್ನು ಸೇರು, ಪಾವುಗಳಲ್ಲಿ ಅಳೆಯುತ್ತೇವೆ. ನಾಲ್ಕು ಪಾವಿಗೆ ಒಂದು ಸೇರು, ರಾಗಿ ಅಳೆದ ಲೆಕ್ಕವೇ. ಅದನ್ನು ಹಿಂದೆ ಕಳೆದ ಯಾವುದೇ ರಾತ್ರಿಗೆ ಕೊಡಬಹುದು, ಮುಂದೆ ಬರುವ ಯಾವುದೇ ರಾತ್ರಿಯಿಂದ ತರಬಹುದು. ಆದರೆ ಒಂದೇ ಜಾಗದಲ್ಲಿ ಮಲಗಿದ ರಾತ್ರಿಗಳ ನಡುವೆ ಮಾತ್ರ. ಕಬ್ಬು ಅರೆಯುವ ಕಾಲದಲ್ಲಿ ಆಲೆಮನೆಯಲ್ಲಿ ನಿದ್ದೆಗೆಟ್ಟವರು ಬಿಡುವಿನ ತಿಂಗಳ ರಾತ್ರಿಗಳಿಂದ ತಂದು ಸುಧಾರಿಸಿಕೊಳ್ಳುತ್ತಾರೆ. ಈ ಯಂತ್ರದಿಂದ ನಮ್ಮ ಕಡೆಯವರಿಗೆ ಆದ ದೊಡ್ಡ ಉಪಕಾರ ಇದೇ ಅಂತ ನಾನು ನಂಬಿದ್ದೇನೆ. ಕೊಡುಕೊಳ್ಳುವುದಕ್ಕೆ ವಿಸಿ (ವಿಶ್ವೇಶ್ವರಯ್ಯ) ನಾಲೆಯ ನೀರಿನ ಹಾಗೆ ಕಟ್ಟು ಪದ್ಧತಿ, ಅಂದರೆ ಸರದಿ, ಇದೆ. ನಿಮ್ಮ ಸರದಿ ಇಲ್ಲದ ರಾತ್ರಿ ಪೆಟ್ಟಿಗೆ ತುಂಬಿಸಿಕೊಳ್ಳುತ್ತದೆ, ಆದರೆ ಕೊಡುವುದಿಲ್ಲ. ಅದು ದೋಷ ಅಲ್ಲ.

ಮೊದಲು ನಿದ್ದೆ

1953ರಲ್ಲಿ ಶಿಕಾಗೊ ವಿಶ್ವವಿದ್ಯಾಲಯದ ಆಸೆರಿನ್‌ಸ್ಕಿ ಮತ್ತು ಕ್ಲೈಟ್‌ಮನ್ ಒಂದು ಸಂಗತಿ ಪ್ರಕಟಿಸಿದರು. ನಿದ್ದೆಯ ನಡುನಡುವೆ ಮುಚ್ಚಿದ ರೆಪ್ಪೆಯ ಕೆಳಗೆ ಕಣ್ಣುಗುಡ್ಡೆ ಬಿರುಸಾಗಿ ಓಡಾಡುವ ಹೊತ್ತೊಂದು ಇದೆ. ಆಗ ಎಬ್ಬಿಸಿದರೆ ಬಹಳ ಜನ ಕನಸು ಹೇಳುತ್ತಾರೆ. ಇದನ್ನೇ ರೆಮ್ ನಿದ್ದೆ ಅನ್ನುತ್ತಾರೆ. ನಮ್ಮ ತೂಬು ಕಾಯುವುದು ಈ ಹೊತ್ತಿಗೆ.

ರೆಮ್ ಇಡೀ ರಾತ್ರಿ ಒಂದೇ ಸಮ ಬರುವುದಿಲ್ಲ. ದೊಡ್ಡವರಲ್ಲಿ ನಿದ್ದೆಯ ಒಂದು ಸುತ್ತು ಸುಮಾರು 90 ನಿಮಿಷ. ಮೊದಲ ಸುತ್ತಿನಲ್ಲಿ ರೆಮ್ ಹತ್ತು ನಿಮಿಷ ಇದ್ದರೆ ಹೆಚ್ಚು. ಬೆಳಗಿನ ಜಾವದ ಸುತ್ತುಗಳಲ್ಲಿ ಅರ್ಧ ಗಂಟೆ ದಾಟುತ್ತದೆ. ಅಂದರೆ ಕಣಜ ತುಂಬುವುದೇ ಕೋಳಿ ಕೂಗುವ ಹೊತ್ತಿಗೆ. ನಾಗಮಂಗಲದ ಕಡೆ ಕೊಳವೆಬಾವಿ ನಂಬಿದ ರೈತರೊಬ್ಬರ ಜೊತೆ ನಡೆದ ಮಾತು ಹೀಗಿತ್ತು.

"ಕನಸು ಬಿದ್ದದ್ದು ನಂಗೆ ಚೆನ್ನಾಗಿ ಗ್ಯಾನ ಅದೆ ಕಣಣ್ಣ. ಆದ್ರೂ ಪಾವೂ ತುಂಬಿಲ್ಲ."

"ಎಷ್ಟೊತ್ತಿಗೆ ಎದ್ರಿ ಗೌಡ್ರೇ?"

"ಮೂರಕ್ಕೆ ತ್ರೀಫೇಸ್ ಬಂತು. ಮೋಟ್ರು ಹಾಕಕ್ಕೆ ಹೋದೆ."

ಅಲ್ಲಿಗೆ ಮುಗಿಯಿತು. ಹತ್ತಕ್ಕೆ ಮಲಗಿ ಮೂರಕ್ಕೆ ಎದ್ದರೆ ಗಾಢ ನಿದ್ದೆ ಸಿಗುತ್ತದೆ, ರೆಮ್‌ನ ದೊಡ್ಡ ಪಾಲು ತಪ್ಪುತ್ತದೆ. ವಾಪಸ್ಸು ಬಂದು ಮಲಗಿದರೂ ಪಟ್ಟಿ ಕಟ್ಟಿಕೊಳ್ಳುವುದು ಮರೆತಿರುತ್ತಾರೆ. ಇಂಥವರಿಗೆ ನಾನು ಹೇಳುವುದು ಒಂದೇ. ರಾತ್ರಿ ಕರೆಂಟಿನ ವಾರ ತುಂಬಿಸುವ ಆಸೆ ಬಿಡಿ. ಹಗಲು ಕರೆಂಟಿನ ವಾರ ತುಂಬಿಸಿ, ರಾತ್ರಿ ವಾರಕ್ಕೆ ತನ್ನಿ.

ಮದ್ಯ ಕುಡಿದು ಮಲಗಿದರೆ ರಾತ್ರಿಯ ಮೊದಲ ಭಾಗದಲ್ಲಿ ರೆಮ್ ಕುಗ್ಗುತ್ತದೆ. ಖಿನ್ನತೆಗೆ ಕೊಡುವ ಹಲವು ಮಾತ್ರೆಗಳೂ ರೆಮ್ ಕಡಿಮೆ ಮಾಡುತ್ತವೆ. ಇಲ್ಲಿ ಒಂದು ಮಾತು ಒತ್ತಿ ಹೇಳುತ್ತೇನೆ. ಪೆಟ್ಟಿಗೆ ತುಂಬಲಿ ಅಂತ ಯಾರೂ ಮಾತ್ರೆ ನಿಲ್ಲಿಸಬೇಡಿ. ಡಾಕ್ಟರು ಕೊಟ್ಟ ಮಾತ್ರೆ ಮುಖ್ಯ, ಪೆಟ್ಟಿಗೆ ಅಲ್ಲ. ಮೀಟರು ಎರಡು ಪಾವು ತೋರಿಸಿದರೆ ನಿಮಗೆ ಎರಡು ಪಾವೇ ಸರಿ.

ಸೆಕೆಯೂ ಒಂದು ಕಾರಣ. ರೆಮ್ ಹೊತ್ತಿನಲ್ಲಿ ಮೈ ತನ್ನ ಬಿಸಿಯನ್ನು ಸರಿಯಾಗಿ ಹತೋಟಿಯಲ್ಲಿ ಇಟ್ಟುಕೊಳ್ಳುವುದಿಲ್ಲ. ಶೀಟಿನ ಮನೆಯಲ್ಲಿ ಏಪ್ರಿಲ್ ತಿಂಗಳು ಮಲಗಿದರೆ ನಿದ್ದೆ ಆ ಹೊತ್ತಿಗೇ ಒಡೆಯುತ್ತದೆ. ಮೈಸೂರಿನವರಿಗೆ ದಸರೆಯ ದಿನಗಳು ಹೀಗೇ. ಅರಮನೆಯ ಲಕ್ಷದಷ್ಟು ಬಲ್ಬು ನೋಡಿಕೊಂಡು ಬಂದು ಒಂದು ಗಂಟೆಗೆ ಮಲಗಿ, ಆರಕ್ಕೆ ಅಲಾರಾಂ ಹೊಡೆಸಿಕೊಂಡರೆ ಕೊನೆಯ ಸುತ್ತು ಎಲ್ಲಿಂದ ಬರಬೇಕು?

ಎಣ್ಣೆ ತಲೆ, ವಿಭೂತಿ ಹಣೆ

ನಿದ್ದೆ ಸರಿ ಇದ್ದು ಹಳದಿ ದೀಪ ಮಿನುಗುತ್ತಿದ್ದರೆ ಬಿಲ್ಲೆ ಚರ್ಮಕ್ಕೆ ಕೂತಿಲ್ಲ. ಮೀಟರಿನ ಎರಡನೇ ಪುಟದಲ್ಲಿ ಪ್ರತಿ ಬಿಲ್ಲೆಯ ತಡೆ ಕಾಣುತ್ತದೆ. 5 ಕಿಲೋಓಮ್ ಒಳಗೆ ಇರಬೇಕು. ಹತ್ತರವರೆಗೆ ಹೇಗೋ ನಡೆಯುತ್ತದೆ. ಅದರ ಮೇಲೆ ಹೋದರೆ ಗುರುತು ಮಸುಕು.

ಯುಗಾದಿ, ದೀಪಾವಳಿಯ ಎಣ್ಣೆ ಸ್ನಾನದ ಮಾರನೇ ದಿನ ಈ ದೂರು ಜಾಸ್ತಿ. ಕೊಬ್ಬರಿ ಎಣ್ಣೆಯಾಗಲಿ ಹರಳೆಣ್ಣೆಯಾಗಲಿ ಕರೆಂಟು ಬಿಡುವುದಿಲ್ಲ. ಸೀಗೆಪುಡಿ ಹಾಕಿ ತೊಳೆದರೂ ಕೂದಲ ಬುಡದಲ್ಲಿ ಜಿಡ್ಡು ಉಳಿದಿರುತ್ತದೆ. ಬಿಲ್ಲೆ ಕೂರುವ ಜಾಗವನ್ನಷ್ಟೇ ಹತ್ತಿಯಲ್ಲಿ ಸ್ಪಿರಿಟ್ ಅದ್ದಿ ಒರೆಸಿ. ಒಣಗಿದ ಮೇಲೆ ಬಿಲ್ಲೆಗೆ ಹಚ್ಚುವ, ಕರೆಂಟು ಬಿಡುವ ಪೇಸ್ಟ್ ಹಚ್ಚಿ, ಕೂದಲು ಬೈತಲೆ ತೆಗೆದ ಹಾಗೆ ಸರಿಸಿ, ಬಿಲ್ಲೆ ನೇರ ಚರ್ಮಕ್ಕೆ ಒತ್ತಿ. ಹಣೆಯ ಬಿಲ್ಲೆಗೆ ವಿಭೂತಿಯ ತೊಂದರೆ. ಒಣ ವಿಭೂತಿಯೂ ತಡೆಯೇ. ಹಿರಿಯರು ಮಲಗುವಾಗಲೂ ಅಳಿಸುವುದಿಲ್ಲ ಅಂದರೆ ಬಲವಂತ ಬೇಡ. ಬಿಲ್ಲೆಯನ್ನು ಹುಬ್ಬಿನ ಮೇಲಕ್ಕೆ ಅರ್ಧ ಅಂಗುಲ ಸರಿಸಿ. ಪೆಟ್ಟಿಗೆ ಅಷ್ಟಕ್ಕೆ ತಕರಾರು ಮಾಡುವುದಿಲ್ಲ.

ಹಮ್, ಮತ್ತು ಕುಂಬಳಕಾಯಿ ಪರೀಕ್ಷೆ

ಅತಿ ಹೆಚ್ಚು ದಾರಿ ತಪ್ಪಿಸುವ ದೋಷ ಇದು. ಇಲ್ಲಿ ನಿಧಾನ ಬೇಕು.

ನಮ್ಮ ಮನೆಗಳ ಕರೆಂಟು ಸೆಕೆಂಡಿಗೆ 50 ಸಲ ಹಿಂದು ಮುಂದು ಆಡುತ್ತದೆ. ಆ 50 ಹರ್ಟ್ಸ್ ಹಮ್ ಗೋಡೆಯ ವೈರಿಂದ, ಫ್ಯಾನಿಂದ, ಫೋನಿನ ಚಾರ್ಜರಿಂದ ತಲೆಪಟ್ಟಿಯ ತಂತಿಗೆ ಹತ್ತಿಕೊಳ್ಳುತ್ತದೆ. ಮೈಕ್ರೋವೋಲ್ಟಿನ ಅಲೆ ಅದರಲ್ಲಿ ಮುಳುಗಿಹೋಗುತ್ತದೆ. ಮೀಟರಿನ ಅಲೆ ಪುಟದಲ್ಲಿ ದಪ್ಪ ಪಟ್ಟೆಯಂಥ ಗೆರೆ ಕಂಡರೆ ಅದು ಹಮ್. ಹಳೇ ಸ್ಕ್ವೇರ್ ವೇವ್ ಯುಪಿಎಸ್ ಇದ್ದ ಮನೆಯಲ್ಲಿ ಕರೆಂಟು ಹೋದಾಗ ಅದು ಇನ್ನೂ ಒರಟಾಗುತ್ತದೆ.

ಮೊದಲು ಒಂದು ಎಚ್ಚರಿಕೆ. ಪೆಟ್ಟಿಗೆ ಚಾರ್ಜಿಗೆ ಹಾಕಿರುವಾಗ ತಲೆಪಟ್ಟಿ ಕಟ್ಟಿಕೊಳ್ಳಲೇಬೇಡಿ. ಹಗಲು ಚಾರ್ಜ್ ಮಾಡಿ, ರಾತ್ರಿ ಬ್ಯಾಟರಿಯಲ್ಲೇ ಓಡಿಸಿ. ಇದು ಹಮ್ ವಿಷಯಕ್ಕಿಂತ ಜೀವದ ವಿಷಯ.

ಇನ್ನು ಅರ್ತಿಂಗ್. ಮಲ್ಟಿಮೀಟರನ್ನು ಎಸಿ ವೋಲ್ಟಿಗೆ ಇಟ್ಟು ಪ್ಲಗ್ಗಿನ ನ್ಯೂಟ್ರಲ್ ಮತ್ತು ಅರ್ತ್ ನಡುವೆ ನೋಡಿ. ಎರಡು ಮೂರು ವೋಲ್ಟ್ ಒಳಗಿದ್ದರೆ ಸರಿ. ಹೆಚ್ಚಿದ್ದರೆ ಎಲೆಕ್ಟ್ರಿಷಿಯನ್ ಕರೆಸಿ. ಬೇಸಿಗೆಯಲ್ಲಿ ಅರ್ತಿನ ಗುಂಡಿ ಒಣಗಿ ಇದ್ದಿಲು ಉಪ್ಪು ಎಲ್ಲ ಗಟ್ಟಿಯಾಗಿರುತ್ತದೆ. ಎರಡು ಕೊಡ ನೀರು ಹುಯ್ದರೆ ಎಷ್ಟೋ ಮನೆಗಳಲ್ಲಿ ಇಳಿಯುತ್ತದೆ. ಮಂಚವನ್ನು ಸ್ವಿಚ್ ಬೋರ್ಡ್ ಇರುವ ಗೋಡೆಯಿಂದ ಸ್ವಲ್ಪ ದೂರ ಎಳೆಯಿರಿ. ಪಟ್ಟಿಯ ತಂತಿಗಳನ್ನು ಜಡೆಯ ಹಾಗೆ ಒಂದಕ್ಕೊಂದು ಹೆಣೆಯಿರಿ. ತಂತಿಗಳ ನಡುವೆ ಜಾಗ ಕಡಿಮೆ ಆದಷ್ಟೂ ಹಮ್ ಕಡಿಮೆ.

ಹಮ್ ಎಲ್ಲಿಂದ ಬರುತ್ತಿದೆ ಅಂತ ತಿಳಿಯಲು ಒಂದು ಒಳ್ಳೇ ಉಪಾಯ ಇದೆ. ಹಳೇ ಮನೆಯಾದರೆ ತೂಬನ್ನು ಊರಿಗೆ ಕರೆಂಟು ಬರುವ ಮುಂಚಿನ ಯಾವುದಾದರೂ ರಾತ್ರಿಗೆ ತಿರುಗಿಸಿ. ಶಿವನಸಮುದ್ರದಲ್ಲಿ 1902ರಲ್ಲೇ ಕರೆಂಟು ಹುಟ್ಟಿತು, ಆದರೆ ಅದು ಮೊದಲು ಹೋದದ್ದು ಕೋಲಾರದ ಚಿನ್ನದ ಗಣಿಗೆ. ನಮ್ಮ ಹಳ್ಳಿಗಳಲ್ಲಿ ಆಮೇಲೂ ಬಹಳ ಕಾಲ ಸೀಮೆಎಣ್ಣೆ ಬುಡ್ಡಿಯೇ ಇತ್ತು. ಆ ರಾತ್ರಿಯಲ್ಲಿ ಹಮ್ ಇರಲು ಸಾಧ್ಯವೇ ಇಲ್ಲ. ಆದ್ದರಿಂದ ಅಲೆ ಪುಟದಲ್ಲಿ ಆಗಲೂ ಹಮ್ ಕಂಡರೆ ಅದು ಈ ಕಡೆಯದು, ನಿಮ್ಮ ಮನೆಯದೇ. ಕಾಣದಿದ್ದರೆ ನೀವು ಈವರೆಗೆ ಕೊಡುಕೊಳ್ಳುತ್ತಿದ್ದ ರಾತ್ರಿಯ ಕಡೆ ದೋಷ ಇದೆ. ಆ ರಾತ್ರಿ ಬಿಟ್ಟು ಬೇರೆ ರಾತ್ರಿ ಆರಿಸಿಕೊಳ್ಳಿ.

ಮೈಸೂರು ಜಿಲ್ಲೆಯ ಕಾಡಂಚಿನ ಊರುಗಳಲ್ಲಿ, ಎಚ್.ಡಿ. ಕೋಟೆ ಕಡೆ, ಇನ್ನೊಂದು ಕಾಟ ಇದೆ. ಹಮ್ ಇಲ್ಲ, ತಡೆ ಸರಿ, ನಿದ್ದೆ ಸೊಗಸು. ಆದರೂ ಪೆಟ್ಟಿಗೆ ರಾತ್ರಿಯಿಡೀ "ಗಾಢ ನಿದ್ದೆ" ಅಂತಲೇ ತೋರಿಸುತ್ತದೆ, ತೂಬು ತೆರೆಯುವುದೇ ಇಲ್ಲ. ಕಾರಣ ಆನೆ ತಡೆಯಲು ಹಾಕಿದ ಸೋಲಾರ್ ಬೇಲಿ. ಅದು ಹೆಚ್ಚುಕಡಿಮೆ ಸೆಕೆಂಡಿಗೆ ಒಂದು ಏಟು ಕರೆಂಟು ಬಿಡುತ್ತದೆ. ಗಾಢ ನಿದ್ದೆಯ ಡೆಲ್ಟಾ ಅಲೆಯೂ ಹಾಗೇ ನಿಧಾನ, ಸೆಕೆಂಡಿಗೆ ಅರ್ಧದಿಂದ ನಾಲ್ಕು. ಪೆಟ್ಟಿಗೆ ಬೇಲಿಯ ಏಟನ್ನೇ ಡೆಲ್ಟಾ ಅಂದುಕೊಳ್ಳುತ್ತದೆ. ಅದಕ್ಕೆ ಬೇರೆ ಏನು ಗೊತ್ತು, ಅಲ್ವಾ?

ಇದನ್ನು ಹಿಡಿಯಲು ಕುಂಬಳಕಾಯಿ ಬೇಕು. ಚೆನ್ನಾಗಿ ಬಲಿತ ಬೂದುಗುಂಬಳ ಆದರೆ ಮೇಲಿನ ಬೂದಿ ಒರೆಸಿ, ಉಪ್ಪುನೀರಲ್ಲಿ ಅದ್ದಿದ ಬಟ್ಟೆ ಸುತ್ತಿ. ದಿಂಬಿನ ಮೇಲೆ, ನಿಮ್ಮ ತಲೆ ಇರುವ ಜಾಗದಲ್ಲೇ ಇಡಿ. ತಲೆಪಟ್ಟಿ ಕಟ್ಟಿ ಅರ್ಧ ಗಂಟೆ ಬಿಡಿ. ಕುಂಬಳಕಾಯಿಗೆ ನಿದ್ದೆ ಇಲ್ಲ, ಕನಸೂ ಇಲ್ಲ. ಹಾಗಾಗಿ ಅಲೆ ಪುಟ ಚಪ್ಪಟೆ ಇರಬೇಕು. ಆಗಲೂ "ಗಾಢ ನಿದ್ದೆ" ಬಂದರೆ ಆ ಅಲೆ ಹೊರಗಿನದು ಅಂತ ಖಾತ್ರಿ. ಮನುಷ್ಯರ ತಲೆಯ ಅಲೆ ಓದುವ ಯಂತ್ರಗಳನ್ನು ಪರೀಕ್ಷಿಸುವವರು ಕಲ್ಲಂಗಡಿ, ಕರಬೂಜ ಬಳಸುವುದುಂಟು. ನಮಗೆ ವರ್ಷವಿಡೀ ಅಟ್ಟದ ಮೇಲೆ ಸಿಗುವುದು ಕುಂಬಳ.

ಬೇಲಿ ಆಫ್ ಮಾಡಿ ಅಂತ ನಾನು ಯಾರಿಗೂ ಹೇಳುವುದಿಲ್ಲ. ಅದು ಬೆಳೆ ಕಾಯುತ್ತದೆ, ಕೆಲವೊಮ್ಮೆ ಜೀವವನ್ನೂ. ಬೇಲಿಯ ಅರ್ತ್ ಸರಳು ಮತ್ತು ಮನೆಯ ಅರ್ತ್ ನಡುವೆ ಹತ್ತು ಮೀಟರಾದರೂ ಅಂತರ ಇದೆಯೇ ನೋಡಿ. ಎರಡನ್ನೂ ಒಂದೇ ಗುಂಡಿಗೆ ಇಳಿಸಿದ್ದರೆ ದೋಷ ಅಲ್ಲೇ. ಬೇರೆ ಮಾಡಿಸಿದ ಮೇಲೆ ಮತ್ತೆ ಕುಂಬಳ ಇಟ್ಟು ನೋಡಿ.

ಗಡಿಯಾರ

ಕಣಜ ತುಂಬುತ್ತದೆ, ಆದರೆ ಕಳಿಸಿದ್ದು ಸೇರುವುದಿಲ್ಲ, ತರಿಸಿದ್ದು ಬರುವುದಿಲ್ಲ ಅಂದರೆ ಸಮಯ ಹೊಂದುತ್ತಿಲ್ಲ. ಹತ್ತಿರದ ವರ್ಷಗಳಿಗೆ ಈ ತೊಂದರೆ ಇಲ್ಲ. ಅಜ್ಜ ಮುತ್ತಜ್ಜರ ರಾತ್ರಿಗಳಿಗೆ ಹೋದಾಗ ಬರುತ್ತದೆ.

ಈಗ ನಾವು ನೋಡುವ ಭಾರತೀಯ ಕಾಲಮಾನ ಶುರುವಾದದ್ದು 1906ರಲ್ಲಿ. ಅದು 82.5 ಡಿಗ್ರಿ ರೇಖಾಂಶದ ಸಮಯ. ಮಂಡ್ಯ ಇರುವುದು ಸುಮಾರು 76.9 ಡಿಗ್ರಿಯಲ್ಲಿ. ಒಂದು ಡಿಗ್ರಿಗೆ ನಾಲ್ಕು ನಿಮಿಷ ಹಿಡಿದರೆ ನಮ್ಮೂರ ಸೂರ್ಯನ ಸಮಯ ಗಡಿಯಾರಕ್ಕಿಂತ 22 ನಿಮಿಷ ಹಿಂದೆ. ಮೈಸೂರಿನಲ್ಲಿ 23. ಅದಕ್ಕೂ ಹಿಂದಿನ ರಾತ್ರಿಗಳನ್ನು ಪೆಟ್ಟಿಗೆ ಸೂರ್ಯನ ಸಮಯದಲ್ಲೇ ಲೆಕ್ಕ ಹಾಕುತ್ತದೆ. ಆದ್ದರಿಂದ ಇಷ್ಟು ನಿಮಿಷ ಕಳೆಯಬೇಕು. ಇಪ್ಪತ್ತೆರಡು ನಿಮಿಷ ಏನು ಮಹಾ ಅನ್ನಬೇಡಿ. ಮೊದಲ ಸುತ್ತಿನ ರೆಮ್ ಇರುವುದೇ ಹತ್ತು ನಿಮಿಷ. ತೂಬು ತೆರೆಯುವಷ್ಟರಲ್ಲಿ ಅದು ಮುಗಿದುಹೋಗಿರುತ್ತದೆ.

ಎರಡನೇ ಮಹಾಯುದ್ಧದ ಹೊತ್ತಿನಲ್ಲಿ, 1942ರಿಂದ 1945ರವರೆಗೆ, ದೇಶದ ಗಡಿಯಾರವನ್ನು ಒಂದು ಗಂಟೆ ಮುಂದಿಟ್ಟಿದ್ದರು. ಮನೆಯ ಹಳೇ ಲೆಕ್ಕದ ಪುಸ್ತಕದಲ್ಲಿ 1943ರ ಒಂದು ದಿನ "ರಾತ್ರಿ 11ಕ್ಕೆ ಮಲಗಿದೆವು" ಅಂತ ಬರೆದಿದ್ದರೆ ಪೆಟ್ಟಿಗೆಗೆ 10 ಅಂತ ಕೊಡಿ. ಆ ಮೂರು ವರ್ಷದ ರಾತ್ರಿಗಳ ಜೊತೆ ವ್ಯವಹಾರ ಮಾಡುವವರು ಮೊದಲು ಇದನ್ನು ನೋಡಬೇಕು.

ಗಡಿಯಾರದ ಕಾಯಿನ್ ಸೆಲ್ ಸತ್ತಾಗ ಬರುವ ದೋಷ ಬೇರೆ, ಅದು ಮನಸ್ಸಿಗೆ ನೋವು ಕೊಡುತ್ತದೆ. ಬಹಳಷ್ಟು ಕಂಪ್ಯೂಟರುಗಳ ಹಾಗೆ ಪೆಟ್ಟಿಗೆಯೂ ಸಮಯವನ್ನು 1970ರ ಜನವರಿ 1ರಿಂದ ಎಣಿಸುತ್ತದೆ. ಸೆಲ್ ಸತ್ತರೆ ಎಣಿಕೆ ಸೊನ್ನೆಗೆ ಬೀಳುತ್ತದೆ. ಸೊನ್ನೆ ಅಂದರೆ ಗ್ರೀನಿಚ್ ಸಮಯದ ನಡುರಾತ್ರಿ, ನಮಗೆ ಬೆಳಗಿನ ಜಾವ ಐದೂವರೆ. ಆಮೇಲೆ ಪ್ರತಿ ರಾತ್ರಿ ನೀವು ಕೊಟ್ಟದ್ದೆಲ್ಲ ಆ ಒಂದೇ ಜಾವಕ್ಕೆ ಹರಿಯುತ್ತದೆ. ಕಣಜ ಬೆಳಿಗ್ಗೆ ಖಾಲಿ. ಖಾತೆಯಲ್ಲಿ "01-01-1970, 05:30" ಅನ್ನುವ ಸಾಲು ಮತ್ತೆ ಮತ್ತೆ ಕಂಡರೆ ಇದೇ ಕಾಯಿಲೆ. ಸೆಲ್ ಸಿಆರ್2032, ಗಡಿಯಾರದ ಅಂಗಡಿಯಲ್ಲಿ ಸಿಗುತ್ತದೆ. ಹೊಸದು 3 ವೋಲ್ಟ್ ತೋರಿಸುತ್ತದೆ. ಹಾಕಿ, ತಾರೀಖು ಸರಿ ಮಾಡಿ. ಹೋದದ್ದನ್ನು ವಾಪಸ್ಸು ತರಲು ಆಗುವುದಿಲ್ಲ. ಆದರೆ ಅದು ಬೀದಿ ಪಾಲೂ ಆಗಿಲ್ಲ. ಆ ಜಾವ ನಿಮ್ಮ ಮನೆಯ ಅದೇ ಜಗಲಿಯಲ್ಲಿ ಮಲಗಿದ್ದ ಯಾರಿಗೋ ಸೇರಿದೆ.

ಮಂಚವನ್ನು ಮಲಗುವ ಜಾಗ ಬಿಟ್ಟು ಬೇರೆ ಕಡೆ ಸರಿಸಿದರೂ ಆ ಜಾಗದ ರಾತ್ರಿಗಳ ಜೊತೆಗಿನ ಕೊಂಡಿ ತಪ್ಪುತ್ತದೆ. ನೆಲಕ್ಕೆ ಹೊಸ ಟೈಲ್ಸ್ ಹಾಕಿಸಿದರೆ ಏನೂ ಆಗುವುದಿಲ್ಲ. ತೊಟ್ಟಿ ಮನೆ ಕೆಡವಿ ಅದೇ ಜಾಗದಲ್ಲಿ ಆರ್‌ಸಿಸಿ ಕಟ್ಟಿದ್ದರೆ ಹಳೇ ಪಡಸಾಲೆ ಎಲ್ಲಿತ್ತು ಅಂತ ಹಿರಿಯರನ್ನು ಕೇಳಿ, ಅಲ್ಲೇ ಚಾಪೆ ಹಾಸಿ ನೋಡಿ.

ಖಾತೆ

ಎಲ್ಲ ಸರಿ ಇದ್ದೂ ಖಾಲಿ ಅಂದರೆ ಖಾತೆಯ ಮುಂಗಡ ಪುಟ ತೆಗೆಯಿರಿ. ಮುಂದಿನ ರಾತ್ರಿಗಳಿಂದ ತಂದದ್ದು ಅಲ್ಲಿ ಬರೆದಿರುತ್ತದೆ. ಆ ರಾತ್ರಿ ಬಂದಾಗ ಪೆಟ್ಟಿಗೆ ಹೇಳದೆ ಕೇಳದೆ ಕಡಿದುಕೊಳ್ಳುತ್ತದೆ. ಮಗಳ ಮದುವೆ ಗಡಿಬಿಡಿಯಲ್ಲಿ ಸೇರುಗಟ್ಟಲೆ ತಂದು ಮರೆತವರು ಎಷ್ಟೋ ಜನ. ತಂದವರು ಒಬ್ಬರು, ಕೊಡುವವರು ಇನ್ನೊಬ್ಬರು ಆಗುವುದೂ ಇದೆ. ಅಣ್ಣ ತಂದಿರುತ್ತಾನೆ, ಆ ಜಾಗದಲ್ಲಿ ಈಗ ತಮ್ಮ ಮಲಗುತ್ತಾನೆ. ಇದನ್ನು ಸ್ಕ್ರೂಡ್ರೈವರಿನಲ್ಲಿ ಸರಿ ಮಾಡಲು ಆಗುವುದಿಲ್ಲ. ಮನೆಯವರು ಕೂತು ಮಾತಾಡಿಕೊಳ್ಳಬೇಕು. ಕಂತು ಮಾಡಿಕೊಂಡರೆ ಪೆಟ್ಟಿಗೆ ಒಪ್ಪುತ್ತದೆ. ದಿನಕ್ಕೆ ಒಂದು ಪಾವಿಗಿಂತ ಹೆಚ್ಚು ಕಡಿಯದ ಹಾಗೆ ಮುಂಗಡ ಪುಟದಲ್ಲೇ ಮಿತಿ ಹಾಕಿ.

ಕೂಸುಗಳ ತಲೆಗೆ ಪಟ್ಟಿ ಕಟ್ಟಿ "ಗುರುತು ಹಿಡಿಯುತ್ತಿಲ್ಲ, ಸರಿ ಮಾಡಿಕೊಡಿ" ಅಂತ ಕೇಳುವವರೂ ಇದ್ದಾರೆ. ಹುಟ್ಟಿದ ಮಗುವಿನ ನಿದ್ದೆಯಲ್ಲಿ ಅರ್ಧದಷ್ಟು ರೆಮ್ ಇರುತ್ತದೆ, ದೊಡ್ಡವರಲ್ಲಿ ನಾಲ್ಕನೇ ಒಂದು ಭಾಗವೋ ಅದಕ್ಕೂ ಕಡಿಮೆಯೋ. ಲೆಕ್ಕ ಗೊತ್ತಿದ್ದವರಿಗೆ ಆಸೆ ಹುಟ್ಟುತ್ತದೆ. ಆದರೆ ಆ ನಿದ್ದೆ ಮಗುವಿನ ಮೆದುಳು ಬೆಳೆಯುವ ಹೊತ್ತು. ಪೆಟ್ಟಿಗೆ ಅಲ್ಲಿ ಗುರುತು ಹಿಡಿಯದಿರುವುದು ದೋಷ ಅಲ್ಲ, ಬೇಕೆಂದೇ ಹಾಗೆ ಮಾಡಿದ್ದು. ಆ ಬೀಗ ತೆಗೆದುಕೊಡುವ ಮೆಕ್ಯಾನಿಕ್ ಸಿಕ್ಕರೆ ಅವನ ಹತ್ತಿರ ಯಾವ ರಿಪೇರಿಯನ್ನೂ ಮಾಡಿಸಬೇಡಿ.

ಕೊನೆಗೆ ಪೆಟ್ಟಿಗೆ

ಇಲ್ಲಿವರೆಗೂ ಏನೂ ಸಿಗದಿದ್ದರೆ ಪೆಟ್ಟಿಗೆಯ ಬೆನ್ನು ನೋಡಿ. ಬ್ಯಾಟರಿ ಉಬ್ಬಿ ಮುಚ್ಚಳ ಎದ್ದಿದ್ದರೆ ಬ್ಯಾಟರಿ ಮುಟ್ಟಬೇಡಿ, ಚುಚ್ಚಬೇಡಿ, ಚಾರ್ಜಿಗೆ ಹಾಕಬೇಡಿ. ಪೆಟ್ಟಿಗೆಯನ್ನು ಹಾಗೇ ಬೆಂಕಿ ಹತ್ತುವ ವಸ್ತುಗಳಿಂದ ದೂರ, ಮನೆ ಹೊರಗೆ ಇಟ್ಟು ಫೋನ್ ಮಾಡಿ. ಇರುವೆ ಗೂಡು ಕಟ್ಟಿದ್ದರೆ ಒಣ ಬ್ರಷ್ಷಿನಲ್ಲಿ ತೆಗೆಯಿರಿ, ಸೀಮೆಎಣ್ಣೆ ಬೇಡ. ಬಿಲ್ಲೆಯ ತಂತಿ ಬುಡದಲ್ಲಿ ಒಳಗೊಳಗೇ ತುಂಡಾಗುವುದು ಸಾಮಾನ್ಯ. ಮಲ್ಟಿಮೀಟರಿನ ಬೀಪ್ ಇಟ್ಟು, ತಂತಿ ಬಾಗಿಸುತ್ತಾ ಕೇಳಿ. ಬೀಪ್ ನಿಂತು ನಿಂತು ಬಂದರೆ ತಂತಿ ಬದಲಾಯಿಸಿ.

ಅದೂ ಅಲ್ಲ ಅಂದರೆ ತನ್ನಿ. ಬರುವಾಗ ಒಂದು ಚೀಟಿಯಲ್ಲಿ ಮಲಗಿದ ಹೊತ್ತು, ಎದ್ದ ಹೊತ್ತು, ಪ್ರತಿ ಬಿಲ್ಲೆಯ ತಡೆ, ನ್ಯೂಟ್ರಲ್ ಅರ್ತ್ ವೋಲ್ಟ್, ಕುಂಬಳಕಾಯಿ ಪರೀಕ್ಷೆಯಲ್ಲಿ ಬಂದದ್ದು, ಕೊಡುಕೊಂಡ ರಾತ್ರಿಗಳ ತಾರೀಖು ಬರೆದುಕೊಂಡು ಬನ್ನಿ. ತಲೆಪಟ್ಟಿ ತರುವುದು ಮರೆಯಬೇಡಿ. ಕಣಜದಲ್ಲಿ ಒಂದು ಪಾವು ಉಳಿದಿದ್ದರೂ ಹೊರಡುವ ಮುಂಚೆ ಯಾವುದಾದರೂ ರಾತ್ರಿಗೆ ಕಳಿಸಿಬಿಡಿ. ಪೆಟ್ಟಿಗೆ ಬಿಚ್ಚಿದಾಗ ಒಳಗಿದ್ದದ್ದು ಉಳಿಯುವುದಿಲ್ಲ.